ಒಡೆಯದೆ ಉಳಿದ ಗಡಿಗೆ

ಮಂಗಳವಾರ, ಬೆಳಿಗ್ಗೆ ಆರೂವರೆ, ರಾಯಚೂರು. ಹಾಜರಿದ್ದವರು: ನಾನು, ಟೆಕ್ನಿಷಿಯನ್ ಹುಡುಗಿ, ಎದುರಿನ ಹಾಸಿಗೆಗೆ ಹೊಸದಾಗಿ ಸೇರಿದ ಹೆಂಗಸು, ಆಕೆಯ ಗಂಡ. ಕಿಟಕಿ ಪಕ್ಕದ ಹಾಸಿಗೆಯವರು ಇನ್ನೂ ಬಂದಿರಲಿಲ್ಲ.

ಡಯಾಲಿಸಿಸ್ ಯಂತ್ರ ತೊಳೆಯಲು ಒಂದು ವರ್ಷದಿಂದ ಬೇರೆ ದ್ರಾವಣ ಬರುತ್ತಿತ್ತು, ಅದಕ್ಕೆ ವಾಸನೆಯಿರಲಿಲ್ಲ. ಅದು ಸಿಗದೆ ಈ ಸಲ ಹಳೆಯದನ್ನೇ ತರಿಸಿದ್ದಾರೆ. ಬಾಗಿಲು ದಾಟುತ್ತಲೇ ಸಿರ್ಕಾದಂಥ ಹುಳಿ ವಾಸನೆ ಮೂಗಿಗೆ ಹೊಡೆಯಿತು. ಚಪ್ಪಲಿ ಬಿಟ್ಟೆ, ತೂಕ ನೋಡಿಸಿದೆ, ಎಡಗೈಯನ್ನು ಸೋಪು ಹಾಕಿ ತೊಳೆದೆ, ಹಾಸಿಗೆಗೆ ಬಂದು ಮಲಗಿದೆ. ಕ್ರಮ ತಪ್ಪಲಿಲ್ಲ. ಆದರೆ ಸೂಜಿ ಚುಚ್ಚುವ ಹೊತ್ತಿಗೆ ಕಿಟಕಿಯ ಕಡೆ ತಿರುಗಿ, ‘ತಮ್ಮಾ, ಹೋದ ಸಲ ಎಲ್ಲಿಗೆ ನಿಲ್ಸಿದ್ವಿ?’ ಎಂದು ಕೇಳುವುದರಲ್ಲಿದ್ದೆ...

ನಾನು ಮಾನ್ವಿಯ ಹೆಣ್ಣುಮಕ್ಕಳ ಹಾಸ್ಟೆಲಿನಲ್ಲಿ ವಾರ್ಡನ್ ಆಗಿದ್ದವಳು. ಗಂಟೆ ಬಾರಿಸಿ ಎಬ್ಬಿಸಿದವಳು, ಗಂಟೆ ಬಾರಿಸಿ ಮಲಗಿಸಿದವಳು. ನಿವೃತ್ತಿಯ ಮರುವರ್ಷವೇ ಕಿಡ್ನಿ ಕೈಬಿಟ್ಟವು. ಅಂದಿನಿಂದ ಮಂಗಳವಾರ, ಶುಕ್ರವಾರ ಮೊದಲ ಬಸ್ಸಿಗೆ ರಾಯಚೂರಿಗೆ ಬರುತ್ತೇನೆ. ರಕ್ತ ಒಂದು ಕೊಳವೆಯಲ್ಲಿ ಹೊರಗೆ ಹೋಗಿ, ಯಂತ್ರದಲ್ಲಿ ತೊಳೆದುಕೊಂಡು, ಇನ್ನೊಂದು ಕೊಳವೆಯಲ್ಲಿ ಒಳಗೆ ಬರುತ್ತದೆ. ನಾಲ್ಕು ತಾಸು ಸೂಜಿ ಹಾಕಿದ ಕೈ ಅಲ್ಲಾಡಿಸುವಂತಿಲ್ಲ, ಏಳುವಂತಿಲ್ಲ.

ಮೊದಲು ಈ ವಾಸನೆಯಿದ್ದ ದಿನಗಳಲ್ಲಿ ನಮ್ಮ ಮೂಲೆಯಲ್ಲಿ ನಾವು ನಾಲ್ವರಿದ್ದೆವು. ನಾನು, ಕುರ್ಡಿಯಿಂದ ಬರುತ್ತಿದ್ದ ಅವ್ವ, ಶಕ್ತಿನಗರದ ವಿದ್ಯುತ್ ಕೇಂದ್ರದಲ್ಲಿ ಗುತ್ತಿಗೆ ಫಿಟ್ಟರ್ ಆಗಿದ್ದ ಒಬ್ಬಾತ, ಮತ್ತು ಕಿಟಕಿಯ ಪಕ್ಕದಲ್ಲಿ ದೇವದುರ್ಗದ ತಮ್ಮ. ಒಡಹುಟ್ಟಿದವನಲ್ಲ, ಎಲ್ಲರಿಗಿಂತ ಚಿಕ್ಕವನಾದ್ದರಿಂದ ನಾವೆಲ್ಲ ಹಾಗೆ ಕರೆಯುತ್ತಿದ್ದೆವು. ಮೂವತ್ತು ದಾಟಿದ್ದ. ಊರಿನಲ್ಲಿ ಮೊಬೈಲ್ ರಿಪೇರಿ ಮಾಡುತ್ತಿದ್ದ. ಅವನ ಕೈಯ ರಕ್ತನಾಳ ಹಾಳಾಗಿ ಕುತ್ತಿಗೆಗೆ ಕೊಳವೆ ಹಾಕಿದ್ದರು. ಹೀಗಾಗಿ ನಮ್ಮೊಳಗೆ ಎರಡೂ ಕೈ ಬಿಡುವಿದ್ದವನು ಅವನೊಬ್ಬನೇ. ಅವನ ತಾಯಿ ಹೊರಗೆ ಕಾರಿಡಾರಿನ ಬೆಂಚಿನ ಮೇಲೆ ಕೂತಿರುತ್ತಿದ್ದಳು.

ವಾರ್ಡಿನ ಟಿ.ವಿ. ಕೆಟ್ಟು, ಯಾರೂ ರಿಪೇರಿ ಮಾಡಿಸದೆ ಬಿಟ್ಟಾಗ ಆಟ ಶುರುವಾಯಿತು. ತಮ್ಮ ಹೈದರಾಬಾದಿನಲ್ಲಿ ಕೆಲಸಕ್ಕಿದ್ದಾಗ ರೂಮಿನವರೊಂದಿಗೆ ಭಾನುವಾರಗಳಂದು ಆಡಿ ಕಲಿತದ್ದಂತೆ. ಒಬ್ಬರು ಕಥೆ ನಡೆಸಬೇಕು. ಉಳಿದವರು ಆ ಕಥೆಯೊಳಗೆ ಒಂದೊಂದು ಪಾತ್ರವಾಗಿ ಹೋಗಬೇಕು. ಎದುರಿಗೆ ಬಾಗಿಲಿದೆ, ಏನು ಮಾಡುತ್ತೀರಿ ಎಂದು ಅವನು ಕೇಳುತ್ತಾನೆ. ಒದೆಯುತ್ತೇವೋ, ಬೀಗ ತೆಗೆಯುತ್ತೇವೋ ನಾವು ಹೇಳಬೇಕು. ಆ ಕೆಲಸ ಕೈಗೂಡಿತೋ ಇಲ್ಲವೋ ಎಂಬುದನ್ನು ಇಪ್ಪತ್ತು ಮುಖದ ಒಂದು ನೀಲಿ ದಾಳ ತೀರ್ಮಾನಿಸುತ್ತದೆ.

“ಇದೇನು ತಮ್ಮಾ, ಬಯಲಾಟದಾಗ ಪಾರ್ಟು ಹಾಕಿದಂಗ ಆತಲ್ಲ,” ಎಂದ ಫಿಟ್ಟರ್.

“ಹಂಗ ಅನ್ಕೋರಿ. ಬಣ್ಣ ಹಚ್ಚಂಗಿಲ್ಲ, ಕುಣಿಯಂಗಿಲ್ಲ, ಅಷ್ಟ.”

ಫಿಟ್ಟರ್ ಸುತ್ತಿಗೆ ಹಿಡಿದ ವೀರನಾದ. ಕುರ್ಡಿಯ ಅವ್ವ ತುಸು ಯೋಚಿಸಿ, “ನಾ ಸೂಲಗಿತ್ತಿ. ಬ್ಯಾರೆ ಏನೂ ಬರಂಗಿಲ್ಲ ನನಗ,” ಎಂದಳು. ತಮ್ಮ ಒಪ್ಪಿಕೊಂಡ, ಗಾಯ ಮಾಯಿಸುವ ಕೆಲಸ ಅವಳಿಗೆ ವಹಿಸಿದ. ನಾನು ಬೀಗದ ಕೈಗಳ ಕಾವಲುಗಾರ್ತಿಯಾದೆ. ಪ್ರತಿ ಗುಹೆಗೆ ಹೋಗುವ ಮುಂಚೆ ನಮ್ಮ ದಂಡಿನ ಹಾಜರಿ ತೆಗೆದುಕೊಳ್ಳುತ್ತಿದ್ದೆ. ಹಗ್ಗ ಇದೆಯೇ, ದೀಪಕ್ಕೆ ಎಣ್ಣೆ ಇದೆಯೇ, ಊಟ ಎಷ್ಟು ಹೊತ್ತಿಗೆ ಎಂದು ಕೇಳುತ್ತಿದ್ದೆ.

“ಅಕ್ಕೋರೇ, ದೆವ್ವ ಬರೂದ್ರೊಳಗ ಹಾಜರಿ ಮುಗಸ್ರಿ,” ಎಂದು ತಮ್ಮ ನಗುತ್ತಿದ್ದ.

ಅವನ ಕಥೆಯಲ್ಲಿ ಒಬ್ಬ ಮಾಂತ್ರಿಕನಿದ್ದ. ಹಿಂದೊಮ್ಮೆ ಒಂದು ದುರ್ಗದ ಮಂತ್ರಿಯಾಗಿದ್ದವನು. ಸಾವಿಗೆ ಅಂಜಿ, ತನ್ನ ಜೀವವನ್ನು ಮೈಯಿಂದ ತೆಗೆದು ಒಂದು ಪಾತ್ರೆಯಲ್ಲಿ ಬಚ್ಚಿಟ್ಟಿದ್ದ. ಮೈ ಸತ್ತು ಒಣಗಿದರೂ ಓಡಾಡಿಕೊಂಡಿದ್ದ. ಇಂಗ್ಲಿಷಿನಲ್ಲಿ ಆ ಪಾತ್ರೆಗೆ ತಮ್ಮ ಏನೋ ಉದ್ದ ಹೆಸರು ಹೇಳಿದ. ನಾವು ಗಡಿಗೆ ಎಂದೆವು. ಆ ಮಾಂತ್ರಿಕನನ್ನು ಎಷ್ಟು ಸಲ ಕೊಂದರೂ ಕೆಲವು ದಿನಕ್ಕೆ ಆ ಗಡಿಗೆಯ ಪಕ್ಕದಲ್ಲಿ ಹೊಸ ಮೈ ಬೆಳೆದು ಎದ್ದು ಬರುತ್ತಿದ್ದ. ಗಡಿಗೆ ಉಳಿಯಬೇಕಾದರೆ ಮಾತ್ರ ಅದಕ್ಕೆ ಆಗಾಗ ಬೇರೆಯವರ ಜೀವ ಉಣಿಸಬೇಕಿತ್ತು. ಉಣಿಸಿದ ಜೀವಗಳು ಅದರೊಳಗೇ ಸಿಕ್ಕಿಕೊಂಡಿರುತ್ತಿದ್ದವು.

“ಜೀವ ಹೊರಗ, ಮೈ ಒಂದ ಕಡಿ. ಅಂದ್ರ ನಮ್ಮಂಗ ಅನ್ರಿ,” ಎಂದು ಅವ್ವ ತನ್ನ ಯಂತ್ರದ ಕಡೆ ಗದ್ದ ತೋರಿಸಿದಳು. ಎಲ್ಲರೂ ನಕ್ಕೆವು. ಏಳು ಸಮುದ್ರದಾಚೆಯ ಗಿಳಿಯಲ್ಲಿ ಪ್ರಾಣ ಇಟ್ಟ ರಾಕ್ಷಸನ ಕಥೆ ಅವಳಿಗೆ ಗೊತ್ತಿತ್ತು, ನಮಗೂ ಗೊತ್ತಿತ್ತು. ಗಿಳಿಯ ಕುತ್ತಿಗೆ ಹಿಚುಕಿದರೆ ಮುಗಿಯಿತು ಎಂದು ಫಿಟ್ಟರ್ ಅಂದದ್ದಕ್ಕೆ ಅವ್ವ, “ನಾ ಸಣ್ಣಾಕಿದ್ದಾಗ ಆ ಗಿಳಿ ಸಲುವಾಗಿ ಅತ್ತಾಕಿ. ಅದೇನ್ ಮಾಡಿತ್ತೋ ಪಾಪ?” ಎಂದಳು.

ಮೊದಲ ಸಲ ಮಾಂತ್ರಿಕನನ್ನು ಕೊಲ್ಲಲು ನಮಗೆ ಒಂದು ತಿಂಗಳು ಹಿಡಿಯಿತು. ಹರಿಗೋಲಿನಲ್ಲಿ ಹೊಳೆ ದಾಟಿದೆವು, ಬಂಡೆಗಳ ಸಂದಿಯಲ್ಲಿ ತೆವಳಿದೆವು. ದಾಳವನ್ನು ಬಿಡುವಿದ್ದ ಕೈಯಿಂದ ಟಿಫಿನ್ನಿನ ಮುಚ್ಚಳದಲ್ಲಿ ಉರುಳಿಸಬೇಕು. ಎಷ್ಟೋ ಸಲ ಅದು ಚಿಮ್ಮಿ ನೆಲಕ್ಕೆ ಬೀಳುತ್ತಿತ್ತು. ನಮ್ಮಲ್ಲಿ ಯಾರೂ ಇಳಿದು ಎತ್ತುವಂತಿಲ್ಲ. ಟೆಕ್ನಿಷಿಯನ್ ಬೇರೆ ಹಾಸಿಗೆಯಲ್ಲಿ ಕೆಲಸದಲ್ಲಿದ್ದರೆ, ಅವಳು ಬರುವವರೆಗೂ ಮಾಂತ್ರಿಕ ಎತ್ತಿದ ಕೈ ಎತ್ತಿದಂತೆ, ನಾವು ಓಡುವ ಕಾಲು ಓಡುವಂತೆ ಹಾಗೆಯೇ ನಿಂತಿರಬೇಕು.

ಒಮ್ಮೆ ಹೊಡೆದಾಟದ ನಡುವೆ ಕರೆಂಟು ಹೋಯಿತು. ಯಂತ್ರಗಳೆಲ್ಲ ಒಟ್ಟಿಗೆ ಕಿರುಚಿದವು. ರಕ್ತ ನಿಲ್ಲದಿರಲೆಂದು ಟೆಕ್ನಿಷಿಯನ್ ಒಂದೊಂದೇ ಯಂತ್ರದ ಗಾಲಿಯನ್ನು ಕೈಯಿಂದ ತಿರುಗಿಸುತ್ತ ಓಡಾಡಿದಳು.

“ಏನ್ಲೇ ಫಿಟ್ಟರಾ, ನಿಮ್ಮೂರಾಗ ಕರೆಂಟ್ ಮಾಡ್ತಾರಂತ, ಇಲ್ಲಿಗೆ ಬರಂಗಿಲ್ಲಲ್ಲೋ?” ಎಂದಳು ಅವ್ವ.

“ನಾವು ಮಾಡಾವ್ರಷ್ಟ ಯವ್ವಾ. ಉಣ್ಣಾವ್ರು ಬ್ಯಾರೆ ಊರಾಗ ಅದಾರ.”

ಕೊನೆಗೆ ಫಿಟ್ಟರನ ಸುತ್ತಿಗೆಯಿಂದ ಮಾಂತ್ರಿಕ ಪುಡಿಯಾದ. ಆ ದಿನ ನಾವು ಬಸ್ ನಿಲ್ದಾಣದವರೆಗೂ ಗೆದ್ದವರಂತೆ ನಡೆದೆವು. ಎರಡು ವಾರದ ಮೇಲೆ ನೋಡಿದರೆ, ಅದೇ ದುರ್ಗದ ಬಾಗಿಲಿನಲ್ಲಿ ಮಾಂತ್ರಿಕ ನಿಂತಿದ್ದ. “ಊಟ ಆತೇನ್ರಿ ಎಲ್ಲಾರ್ದೂ?” ಎಂದು ತಮ್ಮ ಅವನ ದನಿಯಲ್ಲಿ ಕೇಳಿದಾಗ ಫಿಟ್ಟರ್ ತಲೆದಿಂಬಿಗೆ ಗುದ್ದಿದ. “ಮಷೀನ್ ಬಂದ್ ಮಾಡಿ ಏನಾತು? ಲೈನ್‌ನಾಗ ಕರೆಂಟ್ ಇನ್ನಾ ಅದ. ಗಡಿಗಿ ಹುಡುಕ್ರಿ ಮೊದಲ!”

ಗಡಿಗೆ ಹುಡುಕುವುದರಲ್ಲಿ ಆ ಮಳೆಗಾಲ ಕಳೆಯಿತು.

ಆ ನಡುವೆ ಒಂದು ಮಧ್ಯಾಹ್ನ ಕಾರಿಡಾರಿನಲ್ಲಿ ತಮ್ಮನ ತಾಯಿಯ ಪಕ್ಕ ಕೂತಿದ್ದೆ. ಆಕೆ ತನ್ನ ಒಂದು ಕಿಡ್ನಿಯನ್ನು ಮಗನಿಗೆ ಕೊಟ್ಟವಳೆಂದು ಆಗಲೇ ನನಗೆ ತಿಳಿದದ್ದು. ಎರಡು ವರ್ಷ ತುಂಬುವ ಮೊದಲೇ ಅದೂ ಕೆಟ್ಟಿತಂತೆ.

“ನಂದು ಅವನಿಗೆ ಹತ್ಲಿಲ್ಲ ನೋಡ್ರಿ ಅಕ್ಕೋರೇ,” ಎಂದಳು, ತಾನೇ ಏನೋ ತಪ್ಪು ಮಾಡಿದವಳ ಹಾಗೆ. “ಇನ್ನೊಂದು ಕೊಡ್ತೀನಿ ಅಂದ್ರ ಡಾಕ್ಟರ್ ಬೈದು ಕಳಿಸಿದ್ರು. ನೀ ಮನ್ಯಾಗಿರು ಅಂತಾನ ಇವ. ಒಬ್ಬವನ್ನ ಹೆಂಗ ಕಳಿಸ್ಲಿ?”

ಆಕೆಯ ಪಾದಗಳು ಬಾತುಕೊಂಡಿದ್ದವು. ಎದ್ದು ನಿಲ್ಲುವಾಗ ಗೋಡೆ ಹಿಡಿದಳು.

ಆ ಮೇಲೆ ಕಥೆ ನನಗೆ ಬೇರೆಯಾಗಿ ಕೇಳತೊಡಗಿತು. ಇನ್ನೊಬ್ಬರ ಜೀವ ಉಂಡು ಉಳಿದವನು ಎಂದು ತಮ್ಮ ಹೇಳುವಾಗ ಅವನ ಕಣ್ಣು ಬಾಗಿಲಿನ ಕಡೆಗೆ, ಆ ಬೆಂಚಿನ ಕಡೆಗೆ ಹೋಗುವುದನ್ನು ಕಂಡೆ. ಮಾಂತ್ರಿಕನನ್ನು ಅವನು ದ್ವೇಷಿಸುತ್ತಿದ್ದ ರೀತಿ ಆಟದ್ದಾಗಿರಲಿಲ್ಲ. ತಮ್ಮನ ಜೊತೆ ಮಾತಾಡಬೇಕಿತ್ತು ಎಂದು ಈಗ ಅನ್ನಿಸುತ್ತದೆ. ಆದರೆ ಏನೆಂದು...

ಒಂದು ಶುಕ್ರವಾರ ಗಡಿಗೆ ಸಿಕ್ಕಿತು. ದುರ್ಗದ ಬತ್ತಿದ ಬಾವಿಯ ತಳದಲ್ಲಿತ್ತು. ಬಂಗಾರದ್ದಲ್ಲ, ರತ್ನದ್ದಲ್ಲ, ಸಂತೆಯಲ್ಲಿ ಸಿಗುವಂಥ ಮಣ್ಣಿನ ಗಡಿಗೆ. ಬಾಯಿಗೆ ಬಟ್ಟೆ ಕಟ್ಟಿತ್ತು. ಮುಟ್ಟಿದರೆ ಜ್ವರ ಬಂದ ಮಗುವಿನ ಹಣೆಯಷ್ಟು ಬಿಸಿ ಎಂದ ತಮ್ಮ.

“ಸರೀರಿ ಹಿಂದ,” ಎಂದು ಫಿಟ್ಟರ್ ಸುತ್ತಿಗೆ ಎತ್ತಿದ.

“ಒಡೀಬ್ಯಾಡೋ,” ಎಂದಳು ಅವ್ವ. “ಜೀವ ಅದಲ್ಲೋ ಅದ್ರಾಗ.”

“ಯವ್ವಾ, ಇದು ಗಿಳಿ ಅಲ್ಲ!”

ಕಥೆ ನಡೆಸುವವನು ನಮಗೆ ಹೀಗೆ ಮಾಡಿ, ಹಾಗೆ ಮಾಡಿ ಎಂದು ಹೇಳಬಾರದು. ಅದು ಆ ಆಟದ ನಿಯಮ, ತಮ್ಮ ಎಂದೂ ಮೀರಿರಲಿಲ್ಲ. ಆ ದಿನ ಮೀರಿದ.

“ಒಡೀರಿ. ಒಡದ್ರನ ಒಳಗಿದ್ದೋರು ಬಿಡುಗಡಿ ಆಗ್ತಾರ. ಇವನೊಬ್ಬನ ಸಲುವಾಗಿ ಎಷ್ಟ ಮಂದಿ ಸವೀಬೇಕು?” ನನ್ನ ಕಡೆ ನೋಡಿದ. “ಅಕ್ಕೋರೇ, ನೀವು ಹೇಳ್ರಿ. ಸುರು ಮಾಡಿದ ಕೆಲ್ಸ ಮುಗಸೋರು ನೀವು.”

ಅವನು ಕೇಳುತ್ತಿರುವುದು ಯಾವುದನ್ನು ಎಂದು ನನಗೆ ಗೊತ್ತಿತ್ತು. ಹೂಂ ಅಂದರೆ ಅವನು ಅದನ್ನು ತನ್ನ ಮೇಲಿನ ತೀರ್ಪೆಂದು ಮನೆಗೆ ಒಯ್ಯುತ್ತಾನೆ. ನನಗೆ ಬರುತ್ತಿದ್ದ ಮಾತು ಒಂದೇ.

“ಒಳಗಿದ್ದೋರ ಹಾಜರಿ ತೊಗೊಳ್ದ ನಾ ಏನೂ ಮಾಡಾಕ ಬಿಡಂಗಿಲ್ಲ,” ಎಂದೆ.

ಅಷ್ಟರಲ್ಲಿ ಇಡ್ಲಿಯ ಡಬ್ಬಿ ಹಿಡಿದು ಅವನ ತಾಯಿ ಒಳಗೆ ಬಂದಳು. ಕುರ್ಡಿಯ ಅವ್ವ ಸುಮ್ಮನಿರಲಿಲ್ಲ. “ಬಾರವ್ವಾ, ನೀನರ ಹೇಳು. ಒಂದು ಗಡಿಗಿ ಅದ. ಅದ್ರಾಗ ಒಬ್ಬ ಕೆಟ್ಟವನ ಜೀವ ಅದ. ಅವನ್ನ ಉಳಿಸಾಕ ಹಾಕಿದ ಮಂದಿ ಜೀವನೂ ಅದ. ಒಡದ್ರ ಇವ ಸಾಯ್ತಾನ, ಅವ್ರು ಬಿಡುಗಡಿ ಆಗ್ತಾರ. ಒಡೀಬೇಕೋ ಬ್ಯಾಡೋ?”

“ನಮ್ಮವ್ವನ್ನ ಕೇಳಬ್ಯಾಡ್ರಿ,” ಎಂದ ತಮ್ಮ.

ಆಕೆ ಡಬ್ಬಿಯ ಮುಚ್ಚಳ ತೆಗೆಯುತ್ತಲೇ ಕೇಳಿದಳು: “ಅವ್ರು ಬಿಡುಗಡಿ ಕೇಳ್ಯಾರೇನು?”

“ಯಾರು?” ಎಂದ ತಮ್ಮ.

“ಒಳಗಿದ್ದೋರಪ್ಪಾ. ನಮ್ಮನ್ನ ಬಿಡ್ರಿ ಅಂತ ಅವ್ರು ಅಂದಾರೇನು?”

ಎಂಥ ಪ್ರಶ್ನೆ ಕೇಳಿದರೂ ತಮ್ಮನ ಬಳಿ ಉತ್ತರವಿರುತ್ತಿತ್ತು. ಬಾವಿ ಎಷ್ಟು ಆಳ, ಬಾವಲಿ ಯಾವ ಬಣ್ಣ, ಎಲ್ಲ ಹೇಳುತ್ತಿದ್ದ. ಆಗ ಗೋಡೆಯ ಕಡೆ ಮುಖ ತಿರುಗಿಸಿಕೊಂಡ. ಕುತ್ತಿಗೆಯ ಕೊಳವೆ ಮಡಚಿಕೊಂಡು ಯಂತ್ರ ಕಿರುಚಿತು. ಟೆಕ್ನಿಷಿಯನ್ ಓಡಿ ಬಂದು ಬೈದು ಸರಿ ಮಾಡಿದಳು.

“ಇವತ್ತಿಗೆ ಸಾಕು,” ಎಂದ. ತಾಯಿ ಇಡ್ಲಿ ಮುರಿದು ಬಾಯಿಗಿಟ್ಟಳು. ತಿಂದ.

ಮಂಗಳವಾರ ಅವನು ನಡುಗುತ್ತ ಬಂದ, ಕೊಳವೆಗೆ ನಂಜಾಗಿತ್ತು. ಆಟವಾಡಲಿಲ್ಲ. ಶುಕ್ರವಾರ ಬರಲೇ ಇಲ್ಲ. ಹಿಂದಿನ ದಿನವೇ ತೀರಿಕೊಂಡಿದ್ದ. ಆ ಬಾವಿಯ ತಳದಲ್ಲಿ ಅವನು ಯಾವ ಉತ್ತರ ಹುಡುಕಿಕೊಂಡನೋ, ಹುಡುಕಲು ವೇಳೆ ಸಿಕ್ಕಿತೋ ಇಲ್ಲವೋ... ಮುಂದಿನ ವಾರ ಅವನ ಹಾಸಿಗೆಗೆ ಬೇರೆಯವರು ಬಂದರು. ಇಲ್ಲಿ ಹಾಸಿಗೆ ಖಾಲಿ ಇರುವುದಿಲ್ಲ.

ನಾವೇ ಮುಗಿಸೋಣ ಎಂದ ಫಿಟ್ಟರ್. ದಾಳವಿಲ್ಲದ್ದಕ್ಕೆ ಅವ್ವ ಕವಡೆ ತಂದಳು. ಫಿಟ್ಟರ್ ಕಥೆ ಹೇಳಲು ನೋಡಿದ. ಅವನ ಬಾಯಲ್ಲಿ ಮಾಂತ್ರಿಕ ಗುತ್ತಿಗೆದಾರನ ಹಾಗೆ ಮಾತಾಡಿದ. ಮೂವರೂ ಸ್ವಲ್ಪ ನಕ್ಕೆವು. ಅವ್ವ ಕವಡೆಗಳನ್ನು ಸೆರಗಿಗೆ ಕಟ್ಟಿಕೊಂಡಳು. ಮತ್ತೆ ಆಡಲಿಲ್ಲ.

ತಮ್ಮನ ತಾಯಿ ಆಮೇಲೆಯೂ ಕೆಲವು ಮಂಗಳವಾರ ಬಂದು ಅದೇ ಬೆಂಚಿನ ಮೇಲೆ ಕೂತಿದ್ದಳು. ಟೆಕ್ನಿಷಿಯನ್ ಚಹಾ ಕೊಡುತ್ತಿದ್ದಳು.

“ಮಂಗಳವಾರ ಬಂತಂದ್ರ ಕಾಲು ಸುಮ್ನಿರಂಗಿಲ್ಲ ಅಕ್ಕೋರೇ,” ಎಂದಳು ಆಕೆ ನನಗೆ. ಚಹಾದ ಲೋಟ ಕೆಳಗಿಟ್ಟು, “ಆ ಗಡಿಗಿ ಏನಾತು?” ಎಂದು ಕೇಳಿದಳು.

“ಅದ. ಯಾರೂ ಮುಟ್ಟಿಲ್ಲ.”

“ಇರ್ಲಿ ಬಿಡ್ರಿ,” ಎಂದಳು. ಮುಂದಿನ ವಾರದಿಂದ ಬೆಂಚು ಖಾಲಿ.

ಕುರ್ಡಿಯ ಅವ್ವ ಬೇಸಿಗೆಯಲ್ಲಿ ಹೋದಳು, ಫಿಟ್ಟರ್ ಚಳಿಗಾಲದಲ್ಲಿ. ಆ ಕಥೆಯೊಳಗೆ ಇದ್ದವರಲ್ಲಿ ಈಗ ಉಳಿದಿರುವುದು ಇಬ್ಬರು: ನಾನು ಮತ್ತು ಆ ಮಾಂತ್ರಿಕ. ಅವನನ್ನು ಕೊಲ್ಲಲು ನನ್ನಿಂದಾಗುವುದಿಲ್ಲ. ಬಿಟ್ಟುಬಿಡಲೂ ಆಗುವುದಿಲ್ಲ. ಯಾವ ಕೆಲಸವನ್ನೂ ಅರ್ಧಕ್ಕೆ ನಿಲ್ಲಿಸಿದವಳಲ್ಲ ನಾನು, ಇದು ನಿಂತಿದೆ.

ಇವತ್ತು ಎದುರಿನ ಹೆಂಗಸು, “ಅಲ್ಲಿ ಯಾರರ ಇದ್ರೇನ್ರಿ ಮೊದಲ? ಭಾಳ ಹೊತ್ತಾತು ಅತ್ತಾಗ ನೋಡಾಕತ್ತೀರಿ,” ಎಂದಳು. ಹೇಳಲು ಬಾಯಿ ತೆರೆದೆ. ಒಂದು ದುರ್ಗ ಇತ್ತು ಎಂದೆ. ಮುಂದೆ ಬರಲಿಲ್ಲ. ಹಾಜರಿ ಕರೆಯಲು ಬರುತ್ತದೆ ನನಗೆ; ಕಥೆ ಹೇಳಲು ಬರುವುದಿಲ್ಲ. ಹೇಳುತ್ತಿದ್ದವನು ಹೋದ. ಅವಳು ಕಾಯ್ದು ಕಾಯ್ದು ಮೊಬೈಲ್ ಕೈಗೆ ತೆಗೆದುಕೊಂಡಳು.

ಹತ್ತೂವರೆಗೆ ಯಂತ್ರ ನಿಂತಿತು. ಸೂಜಿಯ ಜಾಗವನ್ನು ಹತ್ತಿಯಿಂದ ಒತ್ತಿ ಹಿಡಿದೆ, ತೂಕ ನೋಡಿಸಿದೆ, ಮಾನ್ವಿಯ ಬಸ್ಸು ಹಿಡಿದೆ. ಮನೆಗೆ ಬಂದು ಡಬ್ಬಿ ತೊಳೆದು ಬೋರಲು ಹಾಕಿದೆ, ಇದನ್ನು ಬರೆದೆ. ಶುಕ್ರವಾರಕ್ಕೆ ಉಡುವ ಸೀರೆ ಮಡಿಸಿ ಕುರ್ಚಿಯ ಮೇಲಿಟ್ಟೆ. ಇವತ್ತಿನ ಕೆಲಸ ಅಲ್ಲಿಗೆ ಮುಗಿಯಿತು.