ಹಿಟ್ಟಿನ ಹುಡುಗಿಗೆ ಅರ್ಥ ಹೇಳಿದವರು

ಕಳೆದ ಶುಕ್ರವಾರ ಇಲ್ಲಿ ಗಲ್ಫಿನಲ್ಲಿ, ಅಲ್ ಮನ್ಸೂರಾದ ನಮ್ಮ ಕಟ್ಟಡದ ಲಿಫ್ಟ್ ಕೆಟ್ಟಿತ್ತು. ಮೆಟ್ಟಿಲಿಳಿಯುವಾಗ ಯಾರದೋ ಅಡುಗೆಮನೆಯಿಂದ ಹುಳಿ ಬಂದ ಮೈದಾ ಹಿಟ್ಟಿನ ವಾಸನೆ ಬಂತು. ಎದುರು ಮನೆಯಲ್ಲಿದ್ದವರು ನೆನಪಾದರು...

ಅವರು ರಾಸ್ ಲಫಾನಿನ ಗ್ಯಾಸ್ ಪ್ಲಾಂಟಿನಲ್ಲಿ ಪಾಳಿಯ ಕೆಲಸದಲ್ಲಿದ್ದರು. ಊರಿನಲ್ಲಿದ್ದಾಗ ತಾಳಮದ್ದಳೆಯಲ್ಲಿ ಅರ್ಥ ಹೇಳುತ್ತಿದ್ದವರು. ವೇಷವಿಲ್ಲದೆ ಕುಳಿತು, ಪಾತ್ರದ ಮಾತನ್ನು ಆ ಕ್ಷಣಕ್ಕೆ ಕಟ್ಟಿ ಆಡುವ ಕಲೆ ಅದು. ಒಬ್ಬಳೇ ಮಗಳು. ತುಳುವಿನಲ್ಲಿ ಕೇಳಿದರೂ ಕನ್ನಡದಲ್ಲಿ ಕೇಳಿದರೂ ಅವಳ ಉತ್ತರ ಇಂಗ್ಲಿಷಿನಲ್ಲಿ. ಅವಳ ಬಾಯಲ್ಲಿ ಕನ್ನಡ ಉಳಿಯಬೇಕೆಂಬುದು ಅವರ ಹಟವಾಗಿತ್ತು.

ಅದಕ್ಕೆ ಅವರು ಹಿಡಿದದ್ದು ಜೆಕ್ ಭಾಷೆಯ ಒಂದು ಪುಟ್ಟ ಗೊಂಬೆ ಸಿನಿಮಾವನ್ನು. ಮುದುಕನೊಬ್ಬ ಹಿಟ್ಟು ಕಲಸಿ ಮಗಳನ್ನು ಮಾಡಿಕೊಳ್ಳುತ್ತಾನೆ. ಬಾಗಿಲಿಗೆ ಬಂದವರಿಗೆಲ್ಲ ಅವಳು ಬೆರಳನ್ನೋ ಕಿವಿಯನ್ನೋ ಮುರಿದು ಕೊಡುತ್ತಾಳೆ. ಕೊನೆಗೆ ತಟ್ಟೆಯಲ್ಲಿ ಬಾಯಿ ಮಾತ್ರ ಉಳಿದು ವಟಗುಟ್ಟುತ್ತಿರುತ್ತದೆ. ಟೀವಿಯ ಧ್ವನಿ ನಿಲ್ಲಿಸಿ ಇವರು ಎಲ್ಲ ಪಾತ್ರಗಳಿಗೂ ಅರ್ಥ ಹೇಳುತ್ತಿದ್ದರು. ಹಿಟ್ಟಿನ ಹುಡುಗಿಯ ಮಾತು ಹೀಗೆ: "ಬನ್ನಿ ಪೊಲೀಸ್ ಸ್ವಾಮೀ, ಬಲಗಿವಿ ಬಿಸಿ ಉಂಟು. ಎಡಗಿವಿ ನಿನ್ನೆಯದ್ದು!"

ಮಗಳು ಬಿದ್ದು ಬಿದ್ದು ನಗುತ್ತಿದ್ದಳು. "ಇನ್ನೊಮ್ಮೆ ಹೇಳಿ ಪಪ್ಪಾ" ಎನ್ನುತ್ತಿದ್ದಳು, ಕನ್ನಡದಲ್ಲಿ.

"ಪ್ಲಾಂಟಿನಲ್ಲಿ ಇವರ ಭಾಷಣ ಕೇಳ್ಲಿಕ್ಕೆ ಜನ ಇಲ್ಲ, ಅದಕ್ಕೆ ಇಲ್ಲಿ" ಎಂದು ಹೆಂಡತಿ ಛೇಡಿಸುತ್ತಿದ್ದರು.

ಒಂದು ರಜೆಯ ದಿನ ನಾನೂ ಅಲ್ಲಿದ್ದೆ. ಮಗಳು ಟ್ಯಾಬ್ ತಂದಳು. ಅದರಲ್ಲಿ ಅದೇ ಚಿತ್ರ, ಇಂಗ್ಲಿಷ್ ಸಬ್‌ಟೈಟಲ್ ಸಮೇತ.

"ಪಪ್ಪಾ, ಯೂ ಮೇಡ್ ಇಟ್ ಆಲ್ ಅಪ್. ಅವಳು ಹಾಗೆ ಹೇಳೂದೇ ಇಲ್ಲ."

"ಅದು ಅರ್ಥ ಮಗಾ. ಅರ್ಥ ಅಂದ್ರೆ ಹಾಗೇ."

"ದಟ್ಸ್ ಲೈಯಿಂಗ್."

ಹೆಂಡತಿ ನಕ್ಕರು. ಅವರು ನಗಲಿಲ್ಲ. "ಖಲಾಸ್" ಎಂದು ರಿಮೋಟನ್ನು ಅವಳ ಕೈಗೆ ಕೊಟ್ಟರು.

ಆಮೇಲೆ ಅವಳು ಸಬ್‌ಟೈಟಲ್ ಓದಿಕೊಂಡೇ ನೋಡಿದಳು. ಅವರು ಅರ್ಥ ಹೇಳುವುದನ್ನೇ ಬಿಟ್ಟರು. ಸ್ವಲ್ಪ ದಿನಕ್ಕೆ ಅವಳಿಗೆ ಚಿತ್ರವೇ ಬೇಸರವಾಯಿತು. ಮತ್ತೆ ಶುರು ಮಾಡಿ ಎಂದು ನಾನು ಹೇಳಿದಾಗಲೆಲ್ಲ "ಅವಳಿಗೆ ಬೇಡ ಮಾರಾಯ್ರೆ" ಎನ್ನುತ್ತಿದ್ದರು. ಅಪ್ಪ ಮಗಳ ನಡುವೆ ಮಾತೇ ಕಡಿಮೆಯಾಯಿತು. ಬೆಳೆದ ಮೇಲೆ ಅವಳು ಕಾಲೇಜಿಗೆಂದು ಕೆನಡಾಕ್ಕೆ ಹೋದಳು.

ಕಳೆದ ವರ್ಷ ಅವರು ಇಲ್ಲಿಯ ಆಸ್ಪತ್ರೆಯಲ್ಲಿ ತೀರಿಕೊಂಡರು. ಎದುರು ಮನೆಯಲ್ಲಿ ಈಗ ಬೇರೆಯವರಿದ್ದಾರೆ. ಊರಿನಲ್ಲಿ ಉತ್ತರಕ್ರಿಯೆಯ ದಿನ ಅಪ್ಪನ ಬಗ್ಗೆ ನಾಲ್ಕು ಮಾತು ಹೇಳಬೇಕೆಂದು ಮಗಳು ಇಂಗ್ಲಿಷಿನಲ್ಲಿ ಬರೆದು ನನಗೆ ಕಳಿಸಿದ್ದಳು. ಕನ್ನಡಕ್ಕೆ ಮಾಡಿ, ಇಂಗ್ಲಿಷ್ ಅಕ್ಷರಗಳಲ್ಲೇ ಕಳಿಸಿಕೊಟ್ಟೆ. ಎರಡು ಸಾಲಿನ ಮೇಲೆ ಅವಳಿಗೆ ನಾಲಗೆ ಹೊರಳಲಿಲ್ಲವಂತೆ. ಉಳಿದದ್ದನ್ನು ದೊಡ್ಡಪ್ಪನ ಮಗ ಓದಿದ.