ಬೈಂಡ್ ಹಾಕಿದ ಪುಸ್ತಕಗಳ ಗ್ಯಾರೇಜ್

ಹೊಗೆಯ ವಾಸನೆ ಪುಸ್ತಕದಿಂದ ಸುಲಭಕ್ಕೆ ಹೋಗುವುದಿಲ್ಲ. ಬಿಸಿಲಿಗಿಟ್ಟೆವು, ಗಾಳಿಗೆ ಹರವಿದೆವು, ಯಾರೋ ಹೇಳಿದರೆಂದು ಪೆಟ್ಟಿಗೆಯೊಳಗೆ ಅಡುಗೆ ಸೋಡದ ಬಟ್ಟಲನ್ನೂ ಇಟ್ಟು ನೋಡಿದೆವು. ಆದರೂ ಸ್ಯಾನ್ ಡಿಯಾಗೊದ ಈ ಮನೆಯಲ್ಲಿ ಕೂತು ಒಂದು ಪುಸ್ತಕ ತೆರೆದರೆ ಮೊದಲು ಬರುವುದು ಹೊಗೆ, ಅದರ ಹಿಂದೆ ಹಳೆಯ ಅಂಟು, ಅದರ ಹಿಂದೆ, ಮೂಗನ್ನು ಹಾಳೆಗೆ ತಾಗಿಸಿದರೆ ಮಾತ್ರ ಸಿಗುವಷ್ಟು ಸಣ್ಣಗೆ, ಒಣಗಿದ ಕರಿಬೇವು. ಆ ಮೂರನೆಯ ವಾಸನೆ ಸಿಕ್ಕಿದರೆ ನಾನು ಏಳನೆಯ ಕ್ಲಾಸಿನ ಹುಡುಗಿಯಾಗಿಬಿಡುತ್ತೇನೆ. ಪಸಡೀನಾದ ಮೇಲಿನ ಗುಡ್ಡದ ಬುಡದಲ್ಲಿ, ಅರ್ಧ ಎತ್ತಿದ ಗ್ಯಾರೇಜ್ ಬಾಗಿಲಿನ ಕೆಳಗೆ ತಲೆ ಬಗ್ಗಿಸಿ ಒಳಗೆ ನುಗ್ಗುತ್ತೇನೆ. ಈಗ ಅಲ್ಲಿ ಗ್ಯಾರೇಜೂ ಇಲ್ಲ, ಮನೆಯೂ ಇಲ್ಲ. ಸಿಮೆಂಟಿನ ನೆಲ ಮಾತ್ರ ಇದೆ.

ಅಪ್ಪನ ಕೆಲಸಕ್ಕಾಗಿ ನಾವು ಬೆಂಗಳೂರು ಬಿಟ್ಟು ಪಸಡೀನಾಕ್ಕೆ ಬಂದು ಸೂಟ್‌ಕೇಸ್ ಬಿಚ್ಚುವಷ್ಟರಲ್ಲಿ ಊರೆಲ್ಲ ಬಾಗಿಲು ಹಾಕಿಕೊಂಡಿತ್ತು. 2020ರ ಆ ವಸಂತದಲ್ಲಿ ನನ್ನ ಶಾಲೆ ಒಂದು ಲ್ಯಾಪ್‌ಟಾಪಿನೊಳಗಿತ್ತು, ಗೆಳತಿಯರು ಯಾರೂ ಇರಲಿಲ್ಲ, ಲೈಬ್ರರಿ ಮುಚ್ಚಿತ್ತು. ನಮ್ಮ ಅಪಾರ್ಟ್‌ಮೆಂಟಿನಿಂದ ಏರು ರಸ್ತೆಯಲ್ಲಿ ಸ್ವಲ್ಪ ದೂರ ನಡೆದರೆ ಧಾರವಾಡ ಕಡೆಯ ಇಂದಿರಾ ಆಂಟಿ, ವಸಂತ ಅಂಕಲ್ ಅವರ ಮನೆ. ಅಂಕಲ್ ನೀರಿನ ಪಂಪುಗಳ ಕಂಪನಿಯಲ್ಲಿ ಎಂಜಿನಿಯರ್ ಆಗಿ ನಿವೃತ್ತರಾಗಿದ್ದರು. ಮಕ್ಕಳಿರಲಿಲ್ಲ, ಕಾರು ಅಂಗಳದಲ್ಲಿ ಬಿಸಿಲು ಕಾಯುತ್ತಿತ್ತು, ಗ್ಯಾರೇಜಿನ ತುಂಬ ಪುಸ್ತಕಗಳಿದ್ದವು. ಅಂಕಲ್‌ಗೆ ಶ್ವಾಸದ ತೊಂದರೆ ಇದ್ದುದರಿಂದ ಯಾರೂ ಮನೆಯೊಳಗೆ ಹೋಗುವಂತಿರಲಿಲ್ಲ. ನಾನು ಮಾಸ್ಕ್ ಹಾಕಿಕೊಂಡು ಗ್ಯಾರೇಜಿನಲ್ಲಿ ಪುಸ್ತಕ ತಿರುವುತ್ತಿದ್ದೆ, ಅವರು ಅಂಗಳದ ಆಚೆ ತುದಿಯಲ್ಲಿ, ಕರಿಬೇವಿನ ಕುಂಡದ ಪಕ್ಕ ಕುರ್ಚಿ ಹಾಕಿಕೊಂಡು ತಮ್ಮ ಪುಸ್ತಕ ಓದುತ್ತಿದ್ದರು.

ಆ ಗ್ಯಾರೇಜಿನ ರೀತಿಯೇ ಬೇರೆ. ಅಲ್ಲಿನ ಎಲ್ಲ ಪುಸ್ತಕಕ್ಕೂ ಬೈಂಡ್ ಹಾಕಿತ್ತು. ಶಾಲೆ ಶುರುವಾಗುವಾಗ ನಮ್ಮಲ್ಲಿ ಹಾಕುತ್ತೇವಲ್ಲ, ಹಾಗೆ. ಕಿರಾಣಿ ಅಂಗಡಿಯ ಕಂದು ಚೀಲಗಳನ್ನು ಬಿಡಿಸಿ, ಮೂಲೆ ಮಡಿಸಿ, ಅಚ್ಚುಕಟ್ಟಾಗಿ. ಆದರೆ ಮೇಲೆ ಹೆಸರು ಬರೆಯುತ್ತಿರಲಿಲ್ಲ. ಊರಿಗೆ ಹೋಗಿ ಬರುವವರೆಲ್ಲ ಸೂಟ್‌ಕೇಸಿನಲ್ಲಿ ತುಸು ತೂಕ ಉಳಿಸಿ ತಂದ ಕನ್ನಡ ಕಾದಂಬರಿಗಳು, ಲೈಬ್ರರಿಯವರು ಹಳೆಯದೆಂದು ಮಾರಿದ ದಪ್ಪ ಇಂಗ್ಲಿಷ್ ಪುಸ್ತಕಗಳು, ಮೊನ್ನೆ ಮೊನ್ನೆ ಅಚ್ಚಾದ ಮಕ್ಕಳ ಕಥೆಗಳು, ಪಂಪ್ ರಿಪೇರಿ, ಗ್ರಹಣ, ಕ್ರೋಶಾ ಕಸೂತಿ, ಹೋಮಿಯೋಪತಿ, ಎಲ್ಲವೂ ಒಂದೇ ಬಣ್ಣದ ಅಂಗಿ ತೊಟ್ಟು ಒಂದೇ ಸಾಲಿನಲ್ಲಿ ನಿಂತಿದ್ದವು. ಮೊದಲ ದಿನ ನಾನು ಕಕ್ಕಾಬಿಕ್ಕಿಯಾಗಿ ನಿಂತದ್ದನ್ನು ಕಂಡು ಅಂಕಲ್ ದೂರದಿಂದಲೇ ಕೂಗಿದರು. "ಏನ್ ಹುಡಕಲಿಕ್ಕತ್ತೀ ತಂಗೀ? ಹುಡಕಬ್ಯಾಡ. ಕೈಗೆ ಸಿಕ್ಕಿದ್ದು ತಗದು ಒಂದೆರಡು ಪುಟ ಓದು. ಹೆಸರು ನೋಡಿ ಪುಸ್ತಕ ಆರಿಸೋದಂದ್ರ, ಜಾತಿ ಕೇಳಿ ನೀರು ಕುಡದಂಗ."

ಮೊದಮೊದಲು ನನಗೆ ಸಿಟ್ಟೇ ಬಂತು. ಪತ್ತೇದಾರಿ ಕಥೆ ಬೇಕೆಂದು ಹೋದರೆ ಜೇನು ಸಾಕಣೆ ಕೈಗೆ ಬರುತ್ತಿತ್ತು. ಆದರೆ ನಿಂತಲ್ಲೇ ಎರಡು ಪುಟ ಓದಿದರೆ ರಾಣಿ ಜೇನಿನ ಕಥೆ ಯಾವ ಪತ್ತೇದಾರಿಗೂ ಕಡಿಮೆಯಿರಲಿಲ್ಲ. ಒಂದು ತಣ್ಣಗಿನ ನುಣುಪು ಹಾಳೆ, ಅದರ ಪಕ್ಕದ್ದು ಮುಟ್ಟಿದರೆ ಪುಡಿಯಾಗುವ ಹಳದಿ ಹಾಳೆ. ಒಂದರೊಳಗೆ ಯಾರೋ ಒತ್ತಿಟ್ಟ ಹೂವು, ಮತ್ತೊಂದರಲ್ಲಿ ಕಾಫಿ ಲೋಟದ ಗುಂಡು ಗುರುತು. ನನ್ನ ಕನ್ನಡ ಏಳನೆಯ ಕ್ಲಾಸಿಗೇ ನಿಂತುಹೋಗದೆ ಬೆಳೆದದ್ದು ಅಲ್ಲಿ. ಎಷ್ಟೋ ಪುಸ್ತಕಗಳ ಕೊನೆಯ ಪುಟದಲ್ಲಿ ಒಂದು ಕರಿಬೇವಿನ ಎಲೆ ಇರುತ್ತಿತ್ತು. ಅದು ಅಂಕಲ್ ಅವರ ಪದ್ಧತಿ. ಪುಸ್ತಕ ಓದಿ ಮುಗಿಸಿದರೆ ಕುಂಡದಿಂದ ಒಂದು ಎಲೆ ಕಿತ್ತು ಅಲ್ಲಿಡುತ್ತಿದ್ದರು. ಯಾಕೆಂದು ಕೇಳಿದ್ದಕ್ಕೆ, "ಊಟಾ ಮುಗದ ಮ್ಯಾಲೆ ತಾಟಿನ ಅಂಚಿಗೆ ಏನ್ ಉಳೀತದ ಹೇಳು?" ಎಂದು ನಕ್ಕಿದ್ದರು. ಒಳಗಿನಿಂದ ಆಂಟಿ, "ಹಿಂಗ ಎಲ್ಲಾ ಕಿತ್ತರ ಒಗ್ಗರಣಿಗೆ ಏನ್ ಹಾಕಲಿ?" ಎಂದು ಗದರಿದ್ದರು.

ಮುಂದಿನ ಚಳಿಗಾಲದಲ್ಲಿ ಅಂಕಲ್‌ಗೂ ಕೋವಿಡ್ ಅಂಟಿತು. ಅಂದು ಮಧ್ಯಾಹ್ನ ಪುಸ್ತಕ ವಾಪಸು ಕೊಡಲು ಹೋದವಳು ಅಂಗಳದಲ್ಲಿ ಆಂಬುಲೆನ್ಸ್ ಕಂಡು ರಸ್ತೆಯ ಈಚೆಗೇ ನಿಂತುಬಿಟ್ಟೆ. ಅಂಕಲ್ ಬೇಡವೆಂದರೂ ಆಂಟಿಯೇ ಫೋನ್ ಮಾಡಿ ಕರೆಸಿದ್ದರು. ಸ್ಟ್ರೆಚರಿನ ಮೇಲೂ ಅವರ ಕೈಯಲ್ಲಿ ಒಂದು ಪುಸ್ತಕ, ಓದುತ್ತಿದ್ದ ಪುಟಕ್ಕೆ ಹೆಬ್ಬೆರಳು ಸಿಕ್ಕಿಸಿಕೊಂಡಿದ್ದರು. ಅದನ್ನು ಹಾಗೇ ಆಂಟಿಯ ಕೈಗಿತ್ತು ಏನೋ ಹೇಳಿದರು. ಆಂಟಿ ತಲೆಯಿಂದ ಹೇರ್‌ಪಿನ್ ಒಂದನ್ನು ಕಿತ್ತು ಆ ಪುಟಕ್ಕೆ ಸಿಕ್ಕಿಸಿದ್ದು ನನಗೆ ಅಲ್ಲಿಂದಲೇ ಕಾಣಿಸಿತು. "ಪುಟಾ ತಪ್ಪಸಬ್ಯಾಡ ನೋಡು, ಬಂದು ಓದತೀನಿ ಅಂದ್ರು," ಎಂದು ಆಮೇಲೆ ಅವರೇ ಹೇಳಿದರು. ಆಸ್ಪತ್ರೆಯೊಳಗೆ ಯಾರನ್ನೂ ಬಿಡುತ್ತಿರದ ಕಾಲ. ಅಂಕಲ್ ಮನೆಗೆ ಬರಲಿಲ್ಲ.

ಕಣ್ಣೆದುರಿಗೆ ಇಟ್ಟುಕೊಳ್ಳಲಾರದೆ ಆಂಟಿ ಆ ಪುಸ್ತಕವನ್ನು ಮತ್ತೆ ತೆರೆದೂ ನೋಡದೆ ಗ್ಯಾರೇಜಿನ ಯಾವುದೋ ಸಾಲಿಗೆ ತುರುಕಿ ಬಂದುಬಿಟ್ಟಿದ್ದರು. ಹೆಸರೂ ಗೊತ್ತಿಲ್ಲ, ಜಾಗವೂ ಗೊತ್ತಿಲ್ಲ, ಎಲ್ಲವೂ ಒಂದೇ ಕಂದು ಬಣ್ಣ. ಒಮ್ಮೆ ನನ್ನ ತಲೆ ಬಾಚುತ್ತ ಹೇಳಿದ್ದರು. "ಉಣ್ಣೋರನ್ನ ಅರ್ಧಕ್ಕ ಎಬ್ಬಿಸಬಾರದವಾ. ನಾ ಎಬ್ಬಿಸಿಬಿಟ್ಟೆ. ಆ ಕಥೀ ಮುಂದ ಏನಾತು ಅಂತ ಗೊತ್ತಿಲ್ಲದನ ಹೋದ್ರು." ನಾನು ಸಮಾಧಾನದ ಮಾತಾಡಲು ಹೋದರೆ ಕೇಳಿಸಿಕೊಳ್ಳುತ್ತಿರಲಿಲ್ಲ. ಹುಡುಕೋಣವೆಂದರೆ ಅದಕ್ಕೂ ಹೆದರುತ್ತಿದ್ದರು. ಎಷ್ಟು ಪುಟ ಉಳಿದಿತ್ತೆಂದು ಕಾಣುವ ಭಯ. ಆಮೇಲೆ ಪುಸ್ತಕ ಎರವಲು ಒಯ್ಯಲು ಗ್ಯಾರೇಜಿಗೆ ಮತ್ತೆ ಜನ ಬರತೊಡಗಿದರು, ಅಷ್ಟು ದೂರದ ಸ್ಯಾಂಟಾ ಕ್ಲಾರಿಟಾದಿಂದಲೂ ಡ್ರೈವ್ ಮಾಡಿಕೊಂಡು ಬರುವವರಿದ್ದರು. ನನಗೆ ಮಾತ್ರ ಮೊದಲಿನ ನಿರಾಳ ಹೋಗಿತ್ತು. ಯಾವ ಪುಸ್ತಕ ತೆರೆದರೂ ಬೆರಳಿಗೆ ಲೋಹ ತಾಗೀತೆಂಬ ಆಸೆ, ತಾಗಿದರೆ ಆಂಟಿಗೆ ಹೇಗೆ ಹೇಳುವುದೆಂಬ ದಿಗಿಲು, ಎರಡೂ ಒಟ್ಟಿಗೆ. ಹೈಸ್ಕೂಲು ಮುಗಿಯುತ್ತ ಬಂದರೂ ಅದು ಸಿಗಲಿಲ್ಲ.

ಹಾಗಿರುವಾಗ ಗುಡ್ಡಕ್ಕೆ ಬೆಂಕಿ ಬಿದ್ದ ಆ ಜನವರಿ ಬಂತು. ಬೆಳಗಿನಿಂದ ಗಾಳಿ ಹುಚ್ಚು ಹಿಡಿದಂತೆ ಬೀಸುತ್ತಿತ್ತು. ಸಂಜೆ ಮನೆ ಬಿಡಿ ಎಂದು ಎಲ್ಲರ ಫೋನೂ ಒಟ್ಟಿಗೆ ಅರಚಿಕೊಂಡಾಗ ಅಪ್ಪ ಮತ್ತು ನಾನು ಕಾರನ್ನು ಇಳಿಜಾರಿಗಲ್ಲ, ಏರಿಗೆ ತಿರುಗಿಸಿದೆವು. ಎದುರಿಗೆ ಇಳಿದು ಬರುವ ಕಾರುಗಳ ಸಾಲು, ಅವುಗಳ ಹಿಂದೆ ಕೆಂಪಾದ ಗುಡ್ಡ. ಕರೆಂಟ್ ಹೋಗಿತ್ತು. ಗ್ಯಾರೇಜಿನೊಳಗೆ ಟಾರ್ಚ್ ಬೆಳಕು ಆಡುತ್ತಿತ್ತು. ಕರೆಂಟಿಲ್ಲದಾಗ ಬಾಗಿಲನ್ನು ಮೋಟಾರಿನಿಂದ ಬಿಡಿಸುವ ಕೆಂಪು ಹಗ್ಗ ಜಗ್ಗಿ, ಕೈಯಿಂದಲೇ ಎತ್ತಿ ನಿಲ್ಲಿಸಿದ್ದ ಆಂಟಿ ಒಂದೊಂದೇ ಪುಸ್ತಕದ ಬೆನ್ನು ಹಿಡಿದು ತಲೆಕೆಳಗು ಮಾಡಿ ಒದರುತ್ತಿದ್ದರು. ಹೇರ್‌ಪಿನ್ ಉದುರುತ್ತದೆಯೇ ಎಂದು.

"ಆಂಟಿ, ಒದರಬೇಡಿ! ಪುಟ ತಪ್ಪುತ್ತೆ!" ಎಂದು ಕಿರುಚಿದೆ. ಅವರು ಬೆಚ್ಚಿ ನಿಂತರು.

"ಆಂಟಿ, ಟೈಮಿಲ್ಲ. ಮಾತ್ರೆ, ಪಾಸ್‌ಪೋರ್ಟ್ ತಗೊಂಡ್ರಾ? ಕಾರ್ ಹತ್ತಿ," ಅಪ್ಪ ಕೂಗಿದರು.

"ಒಂದ ನಿಮಿಷ ತಡೀಪಾ. ಅದೊಂದು ಸಿಕ್ಕರ ಬರತೀನಿ."

ಒಂದು ನಿಮಿಷ ಇರಲಿಲ್ಲ. ಎದುರು ಮನೆಯ ಬೇಲಿಯ ಮೇಲೆ ಕಿಡಿ ಬಂದು ಕೂತಿತ್ತು. ಅಪ್ಪ ಅವರ ತೋಳು ಹಿಡಿದು ಹೆಚ್ಚುಕಮ್ಮಿ ಎತ್ತಿಕೊಂಡೇ ಹೋದರು. ನಾನು ಬಟ್ಟೆಯ ಬುಟ್ಟಿಗೆ, ಚೀಲಕ್ಕೆ, ಕೈ ಹೋದ ಕಡೆಯಿಂದ ಬಾಚಿ ತುಂಬಿದೆ. ಆರಿಸಲು ಗುರುತೇ ಇಲ್ಲದಿದ್ದರೆ ಆರಿಸುವುದಾದರೂ ಹೇಗೆ? ಹೆಸರು ಬರೆಯದ ಅಂಕಲ್ ಮೇಲೆ ಅಂದು ನನಗೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ಹಿಂದಿನ ಸೀಟು ತುಂಬಿತು. ಕಾರು ಗುಡ್ಡ ಇಳಿಯುವಾಗ ಆಂಟಿ ತಿರುಗಿ ನೋಡಲಿಲ್ಲ, ನಾನು ನೋಡಿದೆ. ಎತ್ತಿದ ಬಾಗಿಲಿನ ಒಳಗೆ ಕಂದು ಸಾಲುಗಳು ಹಾಗೇ ನಿಂತಿದ್ದವು.

ಮನೆ ಉಳಿಯಲಿಲ್ಲ. ಅಂಕಲ್ ಅವರ ಕುರ್ಚಿ, ಕರಿಬೇವಿನ ಗಿಡ, ಆಂಟಿ ಒಗ್ಗರಣೆ ಹಾಕಿದರೆ ಅಂಗಳದವರೆಗೂ ಘಮ ಬರುತ್ತಿದ್ದ ಅಡುಗೆಮನೆ, ಯಾವುದೂ ಇಲ್ಲ. ಆಂಟಿ ಸ್ಯಾನ್ ಡಿಯಾಗೊದಲ್ಲಿ ತಮ್ಮನ ಮನೆಗೆ ಬಂದರು. ನಾನೂ ಕಾಲೇಜಿಗೆಂದು ಇದೇ ಊರಿಗೆ ಬಂದೆ. ಶನಿವಾರ ಬಸ್ಸು ಹಿಡಿದು ಅವರಲ್ಲಿಗೆ ಬಂದು ಇಬ್ಬರೂ ಹಿಂದಿನ ಅಂಗಳದಲ್ಲಿ ಬುಟ್ಟಿ ಮುಂದಿಟ್ಟುಕೊಂಡು ಕೂರುತ್ತಿದ್ದೆವು. ಹುಡುಕುತ್ತಿದ್ದೇವೆಂದು ಇಬ್ಬರೂ ಬಾಯಿ ಬಿಟ್ಟು ಹೇಳುತ್ತಿರಲಿಲ್ಲ. ಕೈಗೆ ಸಿಕ್ಕಿದ್ದನ್ನು ತೆಗೆದು ಎರಡು ಪುಟ ಓದುವುದು, ಹಳೆಯ ಪದ್ಧತಿಯಂತೆ. ಬುಟ್ಟಿ ಖಾಲಿಯಾಗುತ್ತ ಬಂದಂತೆ ಆಂಟಿ ನಿಧಾನ ಮಾಡತೊಡಗಿದರು, ಒಂದೊಂದಕ್ಕೂ ಚಹಾದ ನೆವ ತೆಗೆಯುತ್ತಿದ್ದರು.

ಅದು ಸಿಕ್ಕಿದ್ದು ನನ್ನ ಕೈಗೆ, ಕೊನೆಯ ಚೀಲದಲ್ಲಿ. ಯಾವ ಪುಸ್ತಕವೆಂದು ಬರೆಯುವುದಿಲ್ಲ, ಆ ಮನೆಯ ಕಟ್ಟಳೆ ಮುರಿಯಲು ಮನಸ್ಸಿಲ್ಲ. ಪಿನ್ನಿನ ತುಕ್ಕು ಹಾಳೆಯ ಮೇಲೆ ಗೆರೆ ಎಳೆದಿತ್ತು. ಅದನ್ನು ಆಂಟಿಯ ಮಡಿಲಿಗಿಟ್ಟೆ. ಅವರು ಆ ಪುಟವನ್ನು ಓದಲಿಲ್ಲ. ಪಿನ್ನಿನ ಆಚೆಯ ಹಾಳೆಗಳನ್ನೆಲ್ಲ ಎರಡು ಬೆರಳ ನಡುವೆ ಹಿಡಿದು ದಪ್ಪ ನೋಡಿದರು. ಓದಿದ್ದಕ್ಕಿಂತ ಉಳಿದದ್ದೇ ಹೆಚ್ಚಿತ್ತು.

"ಇಷ್ಟ್ ಬಿಟ್ಟು ಎದ್ದಾರ ನೋಡು," ಎಂದರು. ನಾನು ರೂಢಿಯಂತೆ ಬಗ್ಗಿ ಹಾಳೆಗೆ ಮೂಗು ತಾಗಿಸಿದೆ. ಹೊಗೆ. ಅಂಟು. ಆಮೇಲೆ ಆ ಮೂರನೆಯದು. ಅವಸರದಿಂದ ಕೊನೆಯ ಪುಟ ತಿರುವಿದೆ. ಅಲ್ಲಿತ್ತು ಕರಿಬೇವಿನ ಎಲೆ, ಕಪ್ಪಗೆ ಒಣಗಿ, ಎಷ್ಟು ಹಳೆಯದೆಂದರೆ ಹಾಳೆಯ ಮೇಲೆ ಅದರ ನೆರಳು ಅಚ್ಚಾಗಿತ್ತು.

ಆಂಟಿ ಎಲೆಯ ಅಂಚನ್ನು ಬೆರಳ ತುದಿಯಿಂದ ಮುಟ್ಟಿದರು. "ಉಂಡಾರ," ಎಂದರು, ಮೆಲ್ಲಗೆ. "ಒಮ್ಮೆ ಪೂರಾ ಉಂಡಾರವಾ. ಇದು ಎರಡನೇ ಪಂಕ್ತಿ." ಆಮೇಲೆ ಬೈಂಡಿನ ಮೇಲೆ ಪಟಪಟ ಹೊಡೆದು, "ಹೊಟ್ಟಿಬಾಕ! ಇಷ್ಟ್ ವರ್ಷ ನನ್ನ ಅಳಿಸಿದಿ," ಎಂದು ನಕ್ಕರು. ಅಂಕಲ್ ಅವರನ್ನು ಆಂಟಿ ಏಕವಚನದಲ್ಲಿ ಕರೆದದ್ದನ್ನು ನಾನು ಕೇಳಿದ್ದು ಅದೊಂದೇ ಸಲ. ನಗುತ್ತ ನಗುತ್ತಲೇ ಅತ್ತರು, ನಾನೂ ಅತ್ತೆ.

ಚಹಾ ಆರಿಹೋಗಿತ್ತು. ಆಂಟಿ ಕಣ್ಣೊರೆಸಿಕೊಂಡು ಆ ತುಕ್ಕು ಹಿಡಿದ ಹೇರ್‌ಪಿನ್ನನ್ನು ಪುಟದಿಂದ ಮೆಲ್ಲನೆ ಎಳೆದು ತಮ್ಮ ಬಿಳಿ ಕೂದಲಿಗೆ ಸಿಕ್ಕಿಸಿಕೊಂಡರು. ಎಲೆಯನ್ನು ಅಲ್ಲಿಯೇ ಬಿಟ್ಟು ಪುಸ್ತಕ ಮುಚ್ಚಿದರು.