ಹಲ್ಲಿಯ ಪುಟ ತಿರುವುವ ಸ್ಕೇಲು

ಯಲಹಂಕದ ನಮ್ಮ ಮಕ್ಕಳ ಲೈಬ್ರರಿಯ ಮೇಡಂಗೆ ಹಲ್ಲಿ ಕಂಡರೆ ಪ್ರಾಣಭಯ. ಆದರೆ ಶನಿವಾರದ ಕಥೆಗೆ ಮಕ್ಕಳು ಹಟ ಹಿಡಿಯುತ್ತಿದ್ದದ್ದು ಹಲ್ಲಿ, ಓತಿಕ್ಯಾತ, ಆಮೆಗಳ ಪುಸ್ತಕಕ್ಕೇ. ಮೇಡಂ ಆ ಪುಟಗಳನ್ನು ಬೆರಳಿನಿಂದ ಮುಟ್ಟದೆ ಸ್ಕೇಲಿನ ತುದಿಯಿಂದ ತಿರುವುತ್ತ, "ಚಿತ್ರ ಅಷ್ಟೇ ಕಣ್ರೋ, ಚಿತ್ರ" ಎನ್ನುತ್ತಿದ್ದರು. ಆ ಧೈರ್ಯದ ಮಾತು ಯಾರಿಗೆಂದು ಪಕ್ಕದಲ್ಲಿ ಪುಸ್ತಕ ಜೋಡಿಸುತ್ತಿದ್ದ ನನಗೆ ಗೊತ್ತಿತ್ತು.

ಒಂದು ಶನಿವಾರ ಕಪಾಟಿನ ಮೇಲಿಂದ ನಿಜವಾದ ಹಲ್ಲಿಯೇ, ರಾಜಾನುಕುಂಟೆಯಿಂದ ಬರುತ್ತಿದ್ದ ಹುಡುಗಿಯೊಬ್ಬಳ ನೆತ್ತಿಯ ಮೇಲೆ ಬಿದ್ದು ಓಡಿಹೋಯಿತು.

"ತಲೆ ಮೇಲೆ ಬಿದ್ರೆ ಸಾವು ಅಂತಾರೆ ನಮ್ಮಜ್ಜಿ. ನಾನು ಸತ್ತೋಗ್ತೀನಾ ಮಿಸ್?"

ಹಲ್ಲಿ ಬಿದ್ದರೆ ಏನೂ ಆಗುವುದಿಲ್ಲ ಎಂದು ಪುಸ್ತಕದಲ್ಲೇ ಇತ್ತು. ಮೇಡಂ ಅದನ್ನು ಎರಡು ಸಲ ಓದಿದರೂ ಅಳು ನಿಲ್ಲಲಿಲ್ಲ. ಕೊನೆಗೆ ಸ್ಕೇಲು ಕೆಳಗಿಟ್ಟು, ಹಲ್ಲಿ ಬಿದ್ದ ಅದೇ ನೆತ್ತಿಯ ಮೇಲೆ ಅಂಗೈ ಇಟ್ಟರು.

"ನಾನು ಕಂಚಿ ದೇವಸ್ಥಾನದ ಚಿನ್ನದ ಹಲ್ಲಿ ಮುಟ್ಟಿ ಬಂದಿದ್ದೀನಿ ಕಣಮ್ಮ. ನಾನು ಮುಟ್ಟಿದ್ರೆ ದೋಷ ಹೋಯ್ತು."

ಹುಡುಗಿ ಕಣ್ಣೊರೆಸಿಕೊಂಡು ಮನೆಗೆ ಹೋದಳು.

ಸಂಜೆ ಬಾಗಿಲು ಹಾಕುವಾಗ, ಕಂಚಿಗೆ ಯಾವಾಗ ಹೋಗಿದ್ದಿರಿ ಎಂದು ಕೇಳಿದೆ. ಅವರು ಬಾಗಿಲ ಚೌಕಟ್ಟಿನ ಮೇಲೆ ಹಲ್ಲಿ ಇಲ್ಲವೆಂದು ನೋಡಿಕೊಂಡು ಬೀಗ ಹಾಕಿದರು.

"ಹೋಗೇ ಇಲ್ಲ ಕಣ್ರೀ," ಎಂದರು. "ಅವಳು ಮುಂದಿನ ಶನಿವಾರ ಬರ್ತಾಳೆ ಅಲ್ವಾ?"